ಮೊದಲ ಗನ್‌ಪ್ಲಾ: ಇಜಿ, ಎಚ್‌ಜಿ, ಆರ್‌ಜಿ, ಎಂಜಿ, ಪಿಜಿ – ಯಾವುದು ಯಾರಿಗೆ?

ಗನ್‌ಪ್ಲಾ ಎಂದರೆ ಜಪಾನಿನ ‘ಗನ್‌ಡಮ್’ ಆನಿಮೇಶನ್ ಸರಣಿಗಳ ರೋಬೋಗಳನ್ನು ಜೋಡಿಸಿ ಕಟ್ಟುವ ಪ್ಲಾಸ್ಟಿಕ್ ಕಿಟ್. ಅದನ್ನು ಕಟ್ಟಬೇಕೆಂದು ಹೊರಟವರು ಮೊದಲು ತಡವರಿಸುವುದು ಡಬ್ಬಿಯ ಮೇಲಿನ ಎರಡಕ್ಷರದ ಮುಂದೆ. ಅದು ಕಿಟ್‌ನ ಗ್ರೇಡ್: ಇಜಿ ಎಂದರೆ ಎಂಟ್ರಿ ಗ್ರೇಡ್, ಎಚ್‌ಜಿ ಹೈ ಗ್ರೇಡ್, ಆರ್‌ಜಿ ರಿಯಲ್ ಗ್ರೇಡ್, ಎಂಜಿ ಮಾಸ್ಟರ್ ಗ್ರೇಡ್, ಪಿಜಿ ಪರ್ಫೆಕ್ಟ್ ಗ್ರೇಡ್. ಅದೇ ರೋಬೋ, ಅದೇ ಬಿಳಿ-ನೀಲಿ-ಕೆಂಪು ಬಣ್ಣ. ಆದರೆ ಜಪಾನಿನಲ್ಲಿ ಒಂದರ ಬೆಲೆ 770 ಯೆನ್, ಇನ್ನೊಂದರದ್ದು 27,500. "ಎಚ್‌ಜಿ ಸಾಕಾ? ಸ್ವಲ್ಪ ದುಡ್ಡು ಸೇರಿಸಿ ಆರ್‌ಜಿಗೇ ಹೋಗಲಾ? ಎಂಜಿ ತಗೊಂಡರೆ ಒಂದೇ ಸಲಕ್ಕೆ ಮುಗೀತಲ್ವಾ?" ಎಂದು ಕೇಳುವವರೆಲ್ಲ ಗ್ರೇಡನ್ನು ಶಾಲೆಯ ತರಗತಿಯಂತೆ ನೋಡುತ್ತಾರೆ: ಮೇಲಿನದು ಉತ್ತಮ, ಕೆಳಗಿನದು ಮಕ್ಕಳಿಗೆ. ಹಾಗಿಲ್ಲ. ಗ್ರೇಡ್ ಬದಲಾದಾಗ ಬದಲಾಗುವುದು ಕೆಲಸದ ಬಗೆ, ಕೂರಿಸಲು ಬೇಕಾದ ಜಾಗ, ಬೆರಳಿಗೆ ಬೀಳುವ ಪರೀಕ್ಷೆ. ಒಳ್ಳೆಯ ಎಚ್‌ಜಿ ಕೆಟ್ಟ ಎಂಜಿಗಿಂತ ಎಷ್ಟೋ ವಾಸಿ.

ಇಷ್ಟೊಂದು ಗ್ರೇಡ್ ಯಾಕೆ ಹುಟ್ಟಿದವು ಎಂದು ತಿಳಿದರೆ ಅರ್ಧ ಗೊಂದಲ ಅಲ್ಲೇ ಕಳೆಯುತ್ತದೆ. ‘ಮೊಬೈಲ್ ಸೂಟ್ ಗನ್‌ಡಮ್’ 1979ರ ಏಪ್ರಿಲ್‌ನಲ್ಲಿ ಜಪಾನಿನ ಟೀವಿಯಲ್ಲಿ ಶುರುವಾಯಿತು. ಪ್ರಾಯೋಜಕರ ಆಟಿಕೆಗಳು ಎಣಿಸಿದಷ್ಟು ಮಾರಾಟವಾಗದೆ 43 ಕಂತಿಗೇ ಸರಣಿ ನಿಂತಿತು. ಮುಂದಿನ ವರ್ಷ ಜುಲೈನಲ್ಲಿ ಬಂಡೈ ಕಂಪನಿ 1/144 ಅಳತೆಯ ಪ್ಲಾಸ್ಟಿಕ್ ಕಿಟ್ ಒಂದನ್ನು 300 ಯೆನ್‌ಗೆ ತಂದಿತು. ಮರುಪ್ರಸಾರ ಮತ್ತು ಈ ಅಗ್ಗದ ಕಿಟ್‌ಗಳು ಸೇರಿ ಮುಗಿದುಹೋದ ಸರಣಿಗೆ ಮತ್ತೆ ಜೀವ ಕೊಟ್ಟವು. ಆಗಿನ ಕಿಟ್‌ಗೆ ಅಂಟು ಬೇಕು, ಬಣ್ಣ ಬಳಿಯಬೇಕು. 1990ರಲ್ಲಿ ಬಂದ ಹೈ ಗ್ರೇಡ್ ಆ ಎರಡೂ ಕಷ್ಟವನ್ನು ತಪ್ಪಿಸಿತು: ಬಣ್ಣ ಪ್ಲಾಸ್ಟಿಕ್‌ನಲ್ಲೇ ಇರುತ್ತದೆ, ಭಾಗಗಳನ್ನು ಒತ್ತಿದರೆ ಕೂರುತ್ತವೆ. ಗನ್‌ಪ್ಲಾದ 15ನೇ ವರ್ಷಕ್ಕೆ, 1995ರಲ್ಲಿ, ಮಾಸ್ಟರ್ ಗ್ರೇಡ್. 1998ರಲ್ಲಿ ಪರ್ಫೆಕ್ಟ್ ಗ್ರೇಡ್ ಗನ್‌ಡಮ್. 30ನೇ ವರ್ಷಕ್ಕೆ, 2010ರಲ್ಲಿ, ರಿಯಲ್ ಗ್ರೇಡ್. 2020ರಲ್ಲಿ ಹೊಸಬರಿಗೆಂದೇ ಈಗಿನ ಎಂಟ್ರಿ ಗ್ರೇಡ್ ಗನ್‌ಡಮ್. ಕಂಪನಿ ಹೊಸ ತಂತ್ರ ಕಲಿತಾಗ, ಹೊಸ ಗಿರಾಕಿಯನ್ನು ಕಂಡಾಗ ಒಂದೊಂದು ಗ್ರೇಡ್ ಸೇರಿದೆ. ಅದಕ್ಕೇ ಡಬ್ಬಿಯ ಮೇಲಿನ ಗ್ರೇಡಿನಷ್ಟೇ ಕಿಟ್ ಬಿಡುಗಡೆಯಾದ ವರ್ಷವನ್ನೂ ನೋಡಬೇಕು.

ಮೊದಲು ಅಳೆಯಬೇಕಾದ್ದು

ಬೆಲೆ. ಒಂದು ಯೆನ್‌ಗೆ ಸುಮಾರು 55–60 ಪೈಸೆ ಎಂದು ಲೆಕ್ಕ ಹಾಕಿ. ಅಲ್ಲಿಂದ ಇಲ್ಲಿಗೆ ಬರುವಾಗ ಸಾಗಣೆ, ಸುಂಕ, ಅಂಗಡಿಯವರ ಲಾಭ ಸೇರಿ ಸಾಮಾನ್ಯವಾಗಿ ಒಂದೂವರೆಯಿಂದ ಎರಡೂವರೆ ಪಟ್ಟು ಆಗುತ್ತದೆ. ಆಟಿಕೆಗಳ ಆಮದು ಸುಂಕ 2020ರಲ್ಲಿ ಶೇ. 20ರಿಂದ 60ಕ್ಕೆ, 2023ರಲ್ಲಿ ಶೇ. 70ಕ್ಕೆ ಏರಿತು. "ಜಪಾನಿನಿಂದ ನೇರ ತರಿಸಿದರೆ ಅಗ್ಗ" ಎಂಬ ಮಾತನ್ನು ಸುಂಕ ಕೂಡಿಸಿ ನೋಡಿದ ಮೇಲೆ ನಂಬಿ. ದೊಡ್ಡ ಡಬ್ಬಿಗಳಲ್ಲಿ ಸಾಗಣೆಯ ಹಣವೇ ಕಿಟ್‌ನ ಬೆಲೆಗೆ ಹತ್ತಿರವಾದರೂ ಆಶ್ಚರ್ಯವಿಲ್ಲ.

ಜಾಗ. ಮೂಲ ಗನ್‌ಡಮ್ ಕಥೆಯಲ್ಲಿ 18 ಮೀಟರ್ ಎತ್ತರ. ಹಾಗಾಗಿ 1/144 ಕಿಟ್ ಸುಮಾರು 12.5 ಸೆಂ.ಮೀ., 1/100 ಸುಮಾರು 18 ಸೆಂ.ಮೀ., 1/60 ಎಂದರೆ 30 ಸೆಂ.ಮೀ. ಮನೆಯ ಪುಸ್ತಕದ ಕಪಾಟಿನ ಒಂದು ಅರೆ ಸಾಮಾನ್ಯವಾಗಿ 25–30 ಸೆಂ.ಮೀ. ಎತ್ತರ; ಪಿಜಿ ಅದರೊಳಗೆ ನೆಟ್ಟಗೆ ನಿಲ್ಲುವುದಿಲ್ಲ. ರೆಕ್ಕೆ ಇರುವ ಮಾದರಿಗಳಿಗೆ ಅಗಲವನ್ನೂ ಎಣಿಸಿ, ಎತ್ತರಕ್ಕಿಂತ ದುಪ್ಪಟ್ಟು ಬೇಕಾಗಬಹುದು.

ಸಮಯ. ಹೊಸಬರಿಗೆ ಇಜಿ ಒಂದೆರಡು ಗಂಟೆ, ಎಚ್‌ಜಿ ಮೂರರಿಂದ ಐದು, ಆರ್‌ಜಿ ಎಂಟರಿಂದ ಹನ್ನೆರಡು, ಎಂಜಿ ಹತ್ತರಿಂದ ಹದಿನೈದು, ಪಿಜಿ ನಲವತ್ತಕ್ಕೂ ಹೆಚ್ಚು. ಸ್ಟಿಕ್ಕರ್ ಮತ್ತು ಗೆರೆ ಎಳೆಯುವ ಕೆಲಸ ಇದರಲ್ಲಿ ಸೇರಿಲ್ಲ.

ಕೊನೆಯದಾಗಿ, ಕಟ್ಟಿದ ಮೇಲೆ ಅದನ್ನು ಏನು ಮಾಡುತ್ತೀರಿ? ದಿನಾ ಎತ್ತಿಕೊಂಡು ಭಂಗಿ ಬದಲಿಸುವವರಿಗೆ ಬೇಕಾದ ಕಿಟ್ ಬೇರೆ, ಗಾಜಿನ ಹಿಂದೆ ನಿಲ್ಲಿಸಿ ನೋಡುವವರಿಗೆ ಬೇಕಾದದ್ದು ಬೇರೆ. ಈ ಪ್ರಶ್ನೆ ಕೇಳಿಕೊಳ್ಳದವರೇ ಆರ್‌ಜಿ ಕೊಂಡು ಬೇಸರಪಡುವುದು.

ಕಿಟ್‌ಗಿಂತ ಮೊದಲು ನಿಪ್ಪರ್

ಇದನ್ನು ಕೊನೆಗೆ ಹೇಳಿದರೆ ಯಾರೂ ಓದುವುದಿಲ್ಲ, ಅದಕ್ಕೇ ಇಲ್ಲಿ. ಇಜಿ ಬಿಟ್ಟು ಉಳಿದ ಎಲ್ಲಕ್ಕೂ ನಿಪ್ಪರ್, ಅಂದರೆ ಪ್ಲಾಸ್ಟಿಕ್ ಭಾಗಗಳನ್ನು ಕತ್ತರಿಸಿ ಬಿಡಿಸುವ ಸಣ್ಣ ಕಟರ್, ಬೇಕು. ಉಗುರುಕತ್ತರಿಯಲ್ಲಿ ಕತ್ತರಿಸಿದ ಎಂಜಿಗಿಂತ ಒಳ್ಳೆಯ ನಿಪ್ಪರ್‌ನಲ್ಲಿ ಕತ್ತರಿಸಿದ ಎಚ್‌ಜಿ ಚೆನ್ನಾಗಿ ಕಾಣುತ್ತದೆ. ಬೆಂಗಳೂರಿನ ಎಸ್‌.ಪಿ. ರಸ್ತೆಯಂಥ ಎಲೆಕ್ಟ್ರಾನಿಕ್ಸ್ ಬೀದಿಯಲ್ಲಿ ಸರ್ಕ್ಯೂಟ್ ಬೋರ್ಡಿನ ತಂತಿ ಕತ್ತರಿಸುವ ಸಣ್ಣ ಸೈಡ್ ಕಟರ್ ಸಿಗುತ್ತದೆ. ಅದರ ಒಂದು ಬದಿ ಪೂರ್ತಿ ಚಪ್ಪಟೆಯಾಗಿರಬೇಕು. ಜೊತೆಗೆ ಹಾರ್ಡ್‌ವೇರ್ ಅಂಗಡಿಯ 600 ಮತ್ತು 1000 ನಂಬರಿನ ವಾಟರ್ ಪೇಪರ್, ಫ್ಯಾನ್ಸಿ ಸ್ಟೋರಿನ ಉಗುರು ಪಾಲಿಶ್ ಮಾಡುವ ಬಫರ್, ಒಂದು ಚಿಮುಟ. ಸಾವಿರ ರೂಪಾಯಿಯ ಒಳಗೆ ಇಷ್ಟೂ ಆಗುತ್ತದೆ. ಅಷ್ಟನ್ನು ಬಜೆಟ್ಟಿನಲ್ಲಿ ಎತ್ತಿಟ್ಟು ಉಳಿದ ಹಣದಲ್ಲಿ ಗ್ರೇಡ್ ಆರಿಸಿ.

ಕತ್ತರಿಸುವುದು ಎರಡು ಹಂತದಲ್ಲಿ. ಭಾಗಗಳನ್ನು ಹಿಡಿದಿರುವ ಪ್ಲಾಸ್ಟಿಕ್ ಚೌಕಟ್ಟಿಗೆ ರನ್ನರ್ ಎನ್ನುತ್ತಾರೆ, ಭಾಗವನ್ನು ಅದಕ್ಕೆ ಅಂಟಿಸಿರುವ ಕುತ್ತಿಗೆಗೆ ಗೇಟ್. ಮೊದಲು ಭಾಗದಿಂದ 3–4 ಮಿ.ಮೀ. ದೂರದಲ್ಲಿ ಕತ್ತರಿಸಿ ಬಿಡಿಸಿಕೊಳ್ಳಿ. ಆಮೇಲೆ ಚಪ್ಪಟೆ ಬದಿಯನ್ನು ಭಾಗದ ಕಡೆ ಇಟ್ಟು ಅರ್ಧ ಮಿ.ಮೀ. ಉಳಿಸಿ ಕತ್ತರಿಸಿ. ಉಳಿದ ಗುಬುಟನ್ನು, ಕಟ್ಟುವವರ ಬಾಯಲ್ಲಿ ನಬ್, ವಾಟರ್ ಪೇಪರಿನಲ್ಲಿ ತೀಡಿ. ಒಂದೇ ಏಟಿಗೆ ಬುಡಕ್ಕೆ ಕತ್ತರಿಸಿದರೆ ಪ್ಲಾಸ್ಟಿಕ್ ಹರಿಯುವ ಮುನ್ನ ಬಾಗುತ್ತದೆ, ಬಾಗಿದ ಜಾಗ ಬೆಳ್ಳಗಾಗುತ್ತದೆ. ಬಿಳಿ ಭಾಗದಲ್ಲಿ ಇದು ಕಾಣುವುದಿಲ್ಲ. ಕಡುನೀಲಿ, ಕಪ್ಪು, ಕೆಂಪಿನ ಮೇಲೆ ಸುಣ್ಣ ಮೆತ್ತಿದಂತೆ ಎದ್ದು ಕಾಣುತ್ತದೆ. ಕಲೆ ಚಿಕ್ಕದಾದರೆ ಉಗುರಿನಿಂದ ಗಟ್ಟಿಯಾಗಿ ಉಜ್ಜಿದರೆ ಮುಕ್ಕಾಲು ಭಾಗ ಮಾಯ.

ಇಜಿ: ಕಟ್ಟುವುದು ಇಷ್ಟವೋ ಎಂದು ನೋಡಲು

ಎಂಟ್ರಿ ಗ್ರೇಡಿನ ಆರ್‌ಎಕ್ಸ್-78-2 ಗನ್‌ಡಮ್, ಅಂದರೆ ಮೊದಲ ಸರಣಿಯ ಮೂಲ ಗನ್‌ಡಮ್, 770 ಯೆನ್‌ನ ಕಿಟ್. ಗೇಟ್‌ಗಳು ಎಷ್ಟು ತೆಳುವೆಂದರೆ ಕೈಯಲ್ಲೇ ತಿರುಚಿ ಬಿಡಿಸಬಹುದು. ಸ್ಟಿಕ್ಕರ್ ಒಂದೂ ಇಲ್ಲ, ಕಣ್ಣಿನ ಹಳದಿಯೂ ಪ್ಲಾಸ್ಟಿಕ್ಕಿನದೇ. ಬಂದೂಕು, ಗುರಾಣಿ ಜೊತೆಗೆ ಬರುತ್ತವೆ; ಅಗ್ಗದ ಲೈಟ್ ಪ್ಯಾಕೇಜಿನಲ್ಲಿ ಅವೂ ಇಲ್ಲ. ಮೊಣಕೈ, ಮೊಣಕಾಲು ಮಡಚುವುದು ಇದರ ದುಪ್ಪಟ್ಟು ಬೆಲೆಯ ಹಳೆಯ ಎಚ್‌ಜಿಗಳಿಗಿಂತ ಚೆನ್ನಾಗಿದೆ.

ಕೊರತೆ ಏನೆಂದರೆ ಆಯ್ಕೆ ಬಹಳ ಕಡಿಮೆ. ನೀವು ನೋಡಿ ಮೆಚ್ಚಿದ ಸರಣಿಯ ರೋಬೋ ಇಜಿಯಲ್ಲಿ ಇಲ್ಲದಿರುವ ಸಾಧ್ಯತೆಯೇ ಹೆಚ್ಚು. ಎಂಟು-ಹತ್ತು ವರ್ಷದ ಮಗುವಿಗೆ, ಹಾಸ್ಟೆಲ್ ಕೋಣೆಯಲ್ಲಿ ಸಲಕರಣೆ ಇಲ್ಲದವರಿಗೆ, "ನನಗೆ ತಾಳ್ಮೆ ಇದೆಯಾ" ಎಂದು ಪರೀಕ್ಷಿಸಿಕೊಳ್ಳುವವರಿಗೆ ಇದಕ್ಕಿಂತ ಒಳ್ಳೆಯದಿಲ್ಲ. ದೊಡ್ಡ ತಲೆ, ಗಿಡ್ಡ ಕಾಲಿನ ಎಸ್‌ಡಿ ಕಿಟ್‌ಗಳೂ ಇದೇ ಬೆಲೆಯ ಆಸುಪಾಸಿನವು. ಆದರೆ ಅವುಗಳಲ್ಲಿ ಬಣ್ಣಕ್ಕೆ ಸ್ಟಿಕ್ಕರೇ ಗತಿ, ಮಡಚುವುದೂ ಕಡಿಮೆ. ಮುದ್ದಾಗಿವೆ ಎಂಬುದೊಂದೇ ಕಾರಣಕ್ಕೆ ಕೊಳ್ಳಬಹುದು, ಅದೂ ಕಾರಣವೇ.

ಎಚ್‌ಜಿ: ಹೆಚ್ಚಿನವರು ಇಲ್ಲಿಂದ ಶುರು ಮಾಡಲಿ

ಹೈ ಗ್ರೇಡ್ ಕಿಟ್‌ಗಳು ಹೆಚ್ಚಾಗಿ 1,000ದಿಂದ 2,500 ಯೆನ್. ಪಟ್ಟಿ ಎಲ್ಲಕ್ಕಿಂತ ಉದ್ದ. ಯಾವ ಸರಣಿ ನೋಡಿದ್ದರೂ ಅದರ ರೋಬೋ ಇಲ್ಲಿ ಸಿಗುತ್ತದೆ. ಹಾಗೆಂದು ಎಲ್ಲ ಎಚ್‌ಜಿಯೂ ಒಂದೇ ಅಲ್ಲ. 1999–2005ರ ಕಿಟ್‌ಗಳಲ್ಲಿ ತೋಳಿನ ನಡುವೆ ಉದ್ದಕ್ಕೆ ಸೀಳುಗೆರೆ ಕಾಣುತ್ತದೆ, ಮೊಣಕಾಲು 90 ಡಿಗ್ರಿ ದಾಟುವುದು ಕಷ್ಟ, ಬಣ್ಣಕ್ಕೆ ಸ್ಟಿಕ್ಕರ್ ಜಾಸ್ತಿ. 2015ರ ಬಾರ್ಬಟೋಸ್, 2022ರ ಏರಿಯಲ್ ಎಂಬ ರೋಬೋಗಳ ಕಿಟ್‌ಗಳು ಈ ಮೂರೂ ದೋಷದಿಂದ ಬಹುಮಟ್ಟಿಗೆ ಮುಕ್ತ. ಏರಿಯಲ್ 1,430 ಯೆನ್. ಆ ಬೆಲೆಗೆ ಎದೆಯ ಪಾರದರ್ಶಕ ಭಾಗದ ಒಳಗೆ ಮಿನುಗುವ ಹಾಳೆ ಕೂರಿಸಿರುವುದನ್ನು ನೋಡಿದರೆ 300 ಯೆನ್‌ನ ಆ ಮೊದಲ ಕಿಟ್‌ನಿಂದ ಕಾರ್ಖಾನೆ ಎಷ್ಟು ದೂರ ಬಂದಿದೆ ಎಂಬುದು ಬೇರೆ ಹೇಳಬೇಕಿಲ್ಲ.

ಎಚ್‌ಜಿಯಲ್ಲಿ ಎಡವುವುದು ಎಲ್ಲಿ? ಒಂದು, ಪಾಲಿಕ್ಯಾಪ್. ಇದು ಕೀಲಿನೊಳಗೆ ಕೂರುವ ಮೆತ್ತನೆಯ ಬೂದು ಪ್ಲಾಸ್ಟಿಕ್ ತುಂಡು. ಮುಂದೋಳಿನ ಎರಡು ಹೋಳುಗಳ ನಡುವೆ ಅದನ್ನಿಟ್ಟು ಒತ್ತಬೇಕು. ಕೆಲವು ಪಾಲಿಕ್ಯಾಪ್‌ಗಳಿಗೆ ಒಂದು ಕಡೆ ದಪ್ಪ, ಒಂದು ಕಡೆ ತೆಳು. ಕೈಪಿಡಿಯ ಚಿತ್ರದಲ್ಲಿ ಆ ವ್ಯತ್ಯಾಸ ಸಣ್ಣದಾಗಿ ಕಾಣುತ್ತದೆ. ತಿರುಗುಮುರುಗಾಗಿ ಇಟ್ಟು ಜೋರಾಗಿ ಒತ್ತಿದಿರೋ, ಹೋಳು ಪೂರ್ತಿ ಮುಚ್ಚುವುದಿಲ್ಲ, ಬಿಚ್ಚಲು ಹೋದರೆ ಒಳಗಿನ ಕಡ್ಡಿ ಮುರಿಯುತ್ತದೆ. ಅನುಮಾನವಿದ್ದಾಗ ಅರ್ಧ ಮಾತ್ರ ಒತ್ತಿ, ಮುಂದಿನ ಹಂತದ ಚಿತ್ರ ನೋಡಿ, ಆಮೇಲೆ ಪೂರ್ತಿ ಒತ್ತಿ. ಕೈಪಿಡಿಯ ಬರಹ ಜಪಾನಿ ಭಾಷೆಯಲ್ಲಿದ್ದರೂ ಚಿತ್ರಗಳೇ ಸಾಕು. ಬಾಣ ಯಾವ ಕಡೆಗಿದೆ ಎಂಬುದನ್ನು ಮಾತ್ರ ಬಿಡಬೇಡಿ.

ಎರಡು, ಹಣೆಯ ಹಳದಿ ಕೊಂಬು. ಅದರ ತುದಿಗಳಲ್ಲಿ ಬಾವುಟದಂಥ ಚಿಕ್ಕ ಚಪ್ಪಟೆ ತುಂಡುಗಳಿರುತ್ತವೆ. ಇದು ಅಚ್ಚಿನ ತಪ್ಪಲ್ಲ, ಮಕ್ಕಳಿಗೆ ಚುಚ್ಚದಿರಲೆಂದು ಬೇಕೆಂದೇ ಬಿಟ್ಟಿರುವುದು. ದೊಡ್ಡವರು ಕಟ್ಟುವುದಾದರೆ ಅದನ್ನು ಕತ್ತರಿಸಿ ತುದಿಯನ್ನು ಚೂಪಾಗಿ ತೀಡಬಹುದು. ಎರಡು ನಿಮಿಷದ ಈ ಕೆಲಸದಿಂದ ಮುಖದ ಕಳೆಯೇ ಬದಲಾಗುತ್ತದೆ. ಮಗುವಿಗಾದರೆ ಹಾಗೇ ಬಿಡಿ.

ಬಣ್ಣ ಬಳಿಯುವುದನ್ನು ಕಲಿಯಬೇಕೆನ್ನುವವರಿಗೂ ಎಚ್‌ಜಿಯೇ ಸರಿ. ಹಾಳಾದರೆ ಹೊಟ್ಟೆ ಉರಿಯುವಷ್ಟು ಬೆಲೆ ಇಲ್ಲ, ಭಾಗಗಳು ತೀರಾ ಚಿಕ್ಕವೂ ಅಲ್ಲ.

ಆರ್‌ಜಿ: ಚಿತ್ರ ನೋಡಿ ಮರುಳಾಗಬೇಡಿ

ಎಚ್‌ಜಿಯ ಗಾತ್ರದಲ್ಲೇ ಎಂಜಿಯಷ್ಟು ವಿವರ. ಒಳಗೆ ಅಸ್ಥಿಪಂಜರ, ಹೊರಗೆ ಒಂದೇ ಬಿಳಿಯ ಎರಡು-ಮೂರು ಛಾಯೆಯ ಕವಚ, ಅಕ್ಕಿಕಾಳಿನಷ್ಟು ಅಕ್ಷರಗಳ ನೂರಾರು ಸ್ಟಿಕ್ಕರ್. ಮೊದಲ ಆರ್‌ಎಕ್ಸ್-78-2 ಸುಮಾರು 2,750 ಯೆನ್. ಈಚಿನವು 4,000–5,000 ಯೆನ್‌ವರೆಗೂ ಇವೆ. ಜಾಗ ಕಡಿಮೆ, ಆಸೆ ಜಾಸ್ತಿ ಇರುವವರಿಗೆ ಹೇಳಿ ಮಾಡಿಸಿದಂತೆ ಕಾಣುತ್ತದೆ. ಮೊದಲ ಕಿಟ್ ಆಗಿ ಅತಿ ಹೆಚ್ಚು ತಪ್ಪು ಆಯ್ಕೆಯಾಗುವುದೂ ಇದೇ.

ಹಳೆಯ ಆರ್‌ಜಿಗಳ ಅಸ್ಥಿಪಂಜರ ಅಚ್ಚಿನಿಂದಲೇ ಜೋಡಣೆಯಾಗಿ ಬರುತ್ತದೆ: ರನ್ನರ್‌ನಿಂದ ಕತ್ತರಿಸಿದೊಡನೆ ಮೊಣಕಾಲು ಮಡಚುತ್ತದೆ. ನೋಡಲು ಜಾದೂ. ಆದರೆ ಕೀಲಿನಲ್ಲಿ ಪ್ಲಾಸ್ಟಿಕ್‌ಗೆ ಪ್ಲಾಸ್ಟಿಕ್ ತಾಗುವ ಜಾಗ ತೀರಾ ಚಿಕ್ಕದು, ಹಿಡಿತ ಕೊಡಲು ಪಾಲಿಕ್ಯಾಪ್ ಇಲ್ಲ. ಹತ್ತಿಪ್ಪತ್ತು ಸಲ ಭಂಗಿ ಬದಲಿಸುವಷ್ಟರಲ್ಲಿ ಸಡಿಲ. ಜೀಟಾ ಗನ್‌ಡಮ್‌ನ ಆರ್‌ಜಿ ಈ ವಿಷಯದಲ್ಲಿ ಕುಖ್ಯಾತ. ವಿಮಾನವಾಗಿ ಬದಲಾಗುವ ರೋಬೋವನ್ನು 13 ಸೆಂ.ಮೀ.ಗೆ ಇಳಿಸಿದರೆ ಇನ್ನೇನಾದೀತು. ಅಷ್ಟೇ ಅಲ್ಲ, ಎತ್ತಿ ಹಿಡಿದರೆ ಕವಚದ ಸಣ್ಣ ಚೂರುಗಳು ಉದುರುತ್ತವೆ. ಮೊಸಾಯಿಕ್ ನೆಲದ ಮೇಲೆ 3 ಮಿ.ಮೀ.ನ ಬೂದು ಚೂರು ಬಿದ್ದರೆ ಹುಡುಕುವ ಆಸೆಯನ್ನೇ ಬಿಡಬಹುದು. ದೊಡ್ಡ ತಟ್ಟೆಯಲ್ಲೋ, ಅಂಚು ಇರುವ ಟ್ರೇಯಲ್ಲೋ ಇಟ್ಟುಕೊಂಡು ಕಟ್ಟಿ, ಫ್ಯಾನ್ ಆರಿಸಿ.

ನ್ಯಾಯವಾಗಿ ಹೇಳಬೇಕೆಂದರೆ, 2018ರ ಸಜಾಬಿ, 2019ರ ನ್ಯೂ (ಗ್ರೀಕ್ ಅಕ್ಷರ ν) ಗನ್‌ಡಮ್‌ನಿಂದ ಈಚೆಗೆ ಕಥೆ ಬೇರೆ. ಕೀಲುಗಳು ಗಟ್ಟಿ, ಕವಚ ಬಿಗಿ. ಅನೇಕರ ಪಾಲಿಗೆ ಬಂಡೈ ಮಾಡಿರುವ ಕಿಟ್‌ಗಳಲ್ಲೇ ಇವು ಉತ್ತಮ. ಆದ್ದರಿಂದ "ಆರ್‌ಜಿ ಬೇಡ" ಎನ್ನುವುದಕ್ಕಿಂತ "ಮೊದಲ ಕಿಟ್ ಆರ್‌ಜಿ ಬೇಡ, ಎರಡನೆಯದೋ ಮೂರನೆಯದೋ ಆದರೆ 2018ರ ನಂತರದ್ದು" ಎನ್ನುವುದು ಸರಿ. ಕನ್ನಡಕ ಹಾಕಿಯೂ ಔಷಧದ ಚೀಟಿ ಓದಲು ಕಷ್ಟಪಡುವವರು ಈ ಗ್ರೇಡನ್ನು ಬಿಟ್ಟು ಮುಂದಕ್ಕೆ ಹೋಗಿ.

ಎಂಜಿ: ದೊಡ್ಡದು, ಆದರೆ ಹೆಚ್ಚು ಕಷ್ಟದ್ದಲ್ಲ

ಇದು ಹೊಸಬರಿಗೆ ತಿಳಿದಿರದ ಗುಟ್ಟು. ಮಾಸ್ಟರ್ ಗ್ರೇಡ್ 1/100. ಭಾಗಗಳ ಸಂಖ್ಯೆ ಹೆಚ್ಚಾದರೂ ಒಂದೊಂದೂ ಬೆರಳಿಗೆ ಸಿಗುವಷ್ಟು ದೊಡ್ಡದು. ಮೊದಲು ಒಳಗಿನ ಯಂತ್ರದ ಕಾಲು, ಅದರ ಮೇಲೆ ಕವಚ. ಮೊಣಕಾಲು ಮಡಚಿದಾಗ ಒಳಗಿನ ಪಿಸ್ಟನ್ ಜಾರುವುದು ಕಾಣುತ್ತದೆ. ಎದೆಯೊಳಗಿನ ಆಸನ, ಬಾಗಿಲು ಇವೆಲ್ಲ ಕಟ್ಟುತ್ತಾ ಹೋದಂತೆ ಅರ್ಥವಾಗುತ್ತವೆ. ಯಂತ್ರ ಬಿಚ್ಚಿ ನೋಡುವ ಸ್ವಭಾವದವರಿಗೆ ಕೊಡುವ ಹಣಕ್ಕೆ ಸಿಗುವ ಸಂತೋಷ ಇದರಲ್ಲೇ ಹೆಚ್ಚು. ಬೆಲೆ ಸುಮಾರು 4,000ದಿಂದ 8,000 ಯೆನ್, ದೊಡ್ಡ ಮಾದರಿಗಳು ಇನ್ನೂ ಮೇಲೆ.

ಇಲ್ಲೂ ವರ್ಷ ನೋಡಿ. 1990ರ ದಶಕದ ಎಂಜಿಗಳನ್ನು ಇಂದೂ ಮರುಮುದ್ರಿಸಿ ಮಾರುತ್ತಾರೆ, ಬೆಲೆ ಕಡಿಮೆ, ಡಬ್ಬಿ ಹೊಚ್ಚಹೊಸದು. ಒಳಗಿರುವುದು ಮಾತ್ರ ಮೂವತ್ತು ವರ್ಷ ಹಿಂದಿನ ಅಚ್ಚು. ಹೆಸರಿನ ಮುಂದೆ 2.0 ಅಥವಾ 3.0 ಎಂದಿದ್ದರೆ ಅದು ಹೊಸದಾಗಿ ವಿನ್ಯಾಸ ಮಾಡಿದ್ದು. 2019ರ ಬಾರ್ಬಟೋಸ್ ಹೊಸಬರೂ ನೆಮ್ಮದಿಯಿಂದ ಕಟ್ಟಬಹುದಾದ ಎಂಜಿ. ‘ವರ್. ಕೆಎ’ ಎಂದು ಮುಗಿಯುವ ಹೆಸರುಗಳು ವಿನ್ಯಾಸಕ ಹಾಜಿಮೆ ಕಾತೊಕಿಯವರ ಆವೃತ್ತಿಗಳು; ಅವುಗಳಲ್ಲಿ ನೀರಿನಲ್ಲಿ ನೆನೆಸಿ ಜಾರಿಸುವ ಡೆಕಾಲ್‌ಗಳು ರಾಶಿ ಇರುತ್ತವೆ. ಅಂದ ಹೆಚ್ಚು, ಕೆಲಸವೂ ದುಪ್ಪಟ್ಟು. ಮೊದಲ ಎಂಜಿಗೆ ಬೇಡ.

ಎಂಜಿಯಲ್ಲಿ ಹಣ ಹಾಳಾಗುವ ದಾರಿ ಒಂದಿದೆ. ಕವಚದ ಗೆರೆಗಳು ಎದ್ದು ಕಾಣಲೆಂದು ಕೆಲವರು ತೆಳು ಎನಾಮಲ್ ಬಣ್ಣವನ್ನು ಹರಿಸುತ್ತಾರೆ. ಒಳಗಿನ ಚೌಕಟ್ಟು ಹಲವು ಕಿಟ್‌ಗಳಲ್ಲಿ ಎಬಿಎಸ್ ಪ್ಲಾಸ್ಟಿಕ್ಕಿನದು. ಬಿಗಿಯಾಗಿ ಒತ್ತಿಕೊಂಡಿರುವ ಎಬಿಎಸ್‌ನೊಳಗೆ ಎನಾಮಲ್ ಥಿನ್ನರ್ ಇಳಿದರೆ ರಾತ್ರೋರಾತ್ರಿ ಬಿರುಕು ಬಿಡುತ್ತದೆ. ಯಾವ ಭಾಗ ಯಾವ ಪ್ಲಾಸ್ಟಿಕ್ ಎಂದು ರನ್ನರ್‌ನ ಪಟ್ಟಿಯ ಮೇಲೇ ಬರೆದಿರುತ್ತದೆ, ಕತ್ತರಿಸಿ ಎಸೆಯುವ ಮೊದಲು ನೋಡಿ. ಬಣ್ಣ ಬಳಿಯದ ಕಿಟ್‌ಗೆ ತೆಳು ತುದಿಯ ಗನ್‌ಡಮ್ ಮಾರ್ಕರ್ ಸಾಕು. ಬಿಳಿಗೆ ಬೂದು, ಗಾಢ ಬಣ್ಣಕ್ಕೆ ಕಪ್ಪು. ಹೆಚ್ಚಾದದ್ದನ್ನು ರಬ್ಬರಿನಲ್ಲಿ ಒರೆಸಿದರೆ ಹೋಗುತ್ತದೆ.

ಪಿಜಿ

1/60, ಸುಮಾರು 30 ಸೆಂ.ಮೀ., ಬೆಲೆ 12,000 ಯೆನ್‌ನಿಂದ ಮೇಲಕ್ಕೆ. 2020ರ ಪಿಜಿ ಅನ್‌ಲೀಶ್ಡ್ 27,500 ಯೆನ್. ಇಲ್ಲಿಗೆ ಬರುವಾಗ ಒಂದು ಮಧ್ಯಮ ದರ್ಜೆಯ ಫೋನಿನ ಬೆಲೆ. ಕಷ್ಟ ಎನ್ನುವುದಕ್ಕಿಂತ ದೀರ್ಘ ಎನ್ನಬೇಕು, ಒಂದೊಂದು ಹಂತವೂ ಎಂಜಿಯಂತೆಯೇ. ನಡುವೆ ಬಿಟ್ಟವರೇ ಹೆಚ್ಚು. ಯಾರಿಗಾದರೂ ಉಡುಗೊರೆ ಕೊಡಲು ಇದನ್ನು ಯೋಚಿಸುತ್ತಿದ್ದರೆ, ಅವರು ಈಗಾಗಲೇ ಮೂರು ಎಂಜಿ ಮುಗಿಸಿದ್ದಾರೋ ಕೇಳಿ. ಇಲ್ಲವಾದರೆ ಅದೇ ಹಣದಲ್ಲಿ ಒಂದು ಎಂಜಿ, ಎರಡು ಎಚ್‌ಜಿ, ಒಳ್ಳೆಯ ನಿಪ್ಪರ್ ಕೊಟ್ಟರೆ ಹೆಚ್ಚು ದಿನ ನೆನೆಸುತ್ತಾರೆ.

ಹಾಗಾದರೆ ಯಾರಿಗೆ ಯಾವುದು

ಕೈಯಲ್ಲಿ ಎರಡು ಸಾವಿರ ರೂಪಾಯಿ ಇದ್ದರೆ ಇಜಿ ಮತ್ತು ಸಲಕರಣೆ. ಮೂರೂವರೆ ಸಾವಿರದವರೆಗೆ ಇದ್ದರೆ 2015ರ ನಂತರದ ಎಚ್‌ಜಿ ಮತ್ತು ಸಲಕರಣೆ. ಇದೇ ಬಹುಮಂದಿಗೆ ಸರಿಯಾದ ಜಾಗ. ಏಳೆಂಟು ಸಾವಿರ ಇದ್ದು, ಯಂತ್ರದ ಒಳಗು ನೋಡುವ ಹುಚ್ಚಿದ್ದರೆ ನೇರ ಎಂಜಿಗೆ ಹೋದರೂ ತಪ್ಪಿಲ್ಲ, ನಡುವೆ ಆರ್‌ಜಿಯ ಮೆಟ್ಟಿಲು ಹತ್ತಲೇಬೇಕೆಂದಿಲ್ಲ. ಗಾಳಿಯಲ್ಲಿ ಹಾರುವ ಭಂಗಿ ಬೇಕಿದ್ದರೆ ಆಧಾರಕಂಬ, ಅಂದರೆ ಆಕ್ಷನ್ ಬೇಸ್, ಹೆಚ್ಚಿನ ಕಿಟ್‌ಗಳಲ್ಲಿ ಬರುವುದಿಲ್ಲ. ಬೇರೆ ಕೊಳ್ಳಬೇಕು, ಅಳತೆ ನೋಡಿ.

ಆನ್‌ಲೈನಿನಲ್ಲಿ ಎಂಜಿಯೊಂದು ಎಚ್‌ಜಿಯ ಬೆಲೆಗೆ ಕಂಡರೆ ಅದು ನಕಲಿ. ಅಚ್ಚು ಕದ್ದು ಮಾಡಿದ್ದು. ರಂಧ್ರ-ಕಡ್ಡಿಗಳು ಹೊಂದುವುದಿಲ್ಲ, ಒಂದು ಕಡೆ ಬಿಗಿ, ಇನ್ನೊಂದು ಕಡೆ ಸಡಿಲ. ಹೊಸಬರು "ನನ್ನ ಕೈಯೇ ಸರಿಯಿಲ್ಲ" ಎಂದುಕೊಂಡು ಹವ್ಯಾಸವನ್ನೇ ಬಿಡುತ್ತಾರೆ. 2018ರಿಂದ ಈಚಿನ ಅಸಲಿ ಡಬ್ಬಿಗಳಲ್ಲಿ ನೀಲಿ ಬಣ್ಣದ ಬಂಡೈ ಸ್ಪಿರಿಟ್ಸ್ ಮುದ್ರೆ ಇರುತ್ತದೆ. ಮಾರುವವರು ಹಾಕಿರುವ ಚಿತ್ರದಲ್ಲಿ ಆ ಜಾಗ ಮಸುಕಾಗಿದ್ದರೆ ಡಬ್ಬಿಯ ಅಂಚಿನ ಸ್ಪಷ್ಟ ಫೋಟೋ ಕೇಳಿ.

ಇನ್ನು ಯಾವ ಗ್ರೇಡ್ ಆದರೂ ನಮ್ಮ ಹವೆಗೆ ಅನ್ವಯಿಸುವ ಎರಡು ಮಾತು. ಕಿಟಕಿಯ ಬಿಸಿಲು ಬೀಳುವಲ್ಲಿ ಇಡಬೇಡಿ, ಬಿಳಿ ಪ್ಲಾಸ್ಟಿಕ್ ಹಳದಿಯಾಗುತ್ತದೆ. ಪ್ಲಾಸ್ಟಿಕ್ಕಿನ ಹೊಳಪು ತೆಗೆಯಲು ಮ್ಯಾಟ್ ಟಾಪ್‌ಕೋಟ್ ಸ್ಪ್ರೇ ಹೊಡೆಯುವವರು ಪಾರದರ್ಶಕ ಭಾಗಗಳನ್ನು ಮೊದಲು ಕಳಚಿಟ್ಟು, 20–25 ಸೆಂ.ಮೀ. ದೂರದಿಂದ ತೆಳುವಾಗಿ ಎರಡು-ಮೂರು ಸಲ ಹೊಡೆಯಿರಿ. ಮಂಗಳೂರು, ಕಾರವಾರದ ಕಡೆಯವರು ಜೂನ್‌ನಿಂದ ಸೆಪ್ಟೆಂಬರ್‌ವರೆಗೆ ಆ ಡಬ್ಬಿ ಮುಟ್ಟದಿರುವುದು ಒಳಿತು. ಗಾಳಿಯ ತೇವ ಶೇ. 70 ದಾಟಿದಾಗ ಹೊಡೆದರೆ ಆರುವ ಪದರದೊಳಗೆ ನೀರು ಸಿಕ್ಕಿಕೊಂಡು ಇಡೀ ರೋಬೋ ಬೂದಿ ಮೆತ್ತಿದಂತೆ ಬೆಳ್ಳಗಾಗುತ್ತದೆ. ಹಾಗೆ ಆಗಿಯೇಬಿಟ್ಟರೆ ಉಜ್ಜಬೇಡಿ. ಒಣ ಹವೆಯ ದಿನ ಬರುವವರೆಗೆ ಕಾದು ಅದರ ಮೇಲೆ ಇನ್ನೊಂದು ತೆಳು ಪದರ ಹೊಡೆದರೆ ಎಷ್ಟೋ ಸಲ ಸರಿಹೋಗುತ್ತದೆ.